ವಿನಿಯ ಮನೆಯವರು

ಅಕ್ಕನ ಹೆಣ ಮಧ್ಯಾಹ್ನದೊಳಗೆ ಬಂದು ಮುಟ್ಟುತ್ತದೆಂದು ಗೊತ್ತಿದ್ದೂ, ಆ ಬೆಳಿಗ್ಗೆ ಎದ್ದ ಡೀಲಿಯಾಗೆ ಮೊದಲು ಹೊಳೆದದ್ದು ಮಲಕಿಯ ಕೂದಲು ಕಿವಿ ಮುಚ್ಚುವಷ್ಟು ಬೆಳೆದಿದೆ, ಊರವರೆಲ್ಲ ಬಂದು ಕೈ ಹಿಡಿಯುವಾಗ ಹೀಗಿದ್ದರೆ ಚೆನ್ನಾಗಿರುವುದಿಲ್ಲ ಎಂಬುದು. ಹೊಳೆದದ್ದಕ್ಕೆ ನಾಚಿಕೆಯಾಯಿತು. ನಾಚಿಕೆಪಡುತ್ತಲೇ ಅವಳು ಅಂಗಳದಲ್ಲಿ ಕುರ್ಚಿ ಹಾಕಿದಳು; ಹಾಲು ಕರೆದು ಬಂದವನ ಕೊರಳಿಗೆ ಹಿಟ್ಟಿನ ಚೀಲ ಬಿಚ್ಚಿ ಹೊಲಿದ ಬಟ್ಟೆ ಸುತ್ತಿ, ಕತ್ತರಿ ಹಿಡಿದು ಹಿಂದೆ ನಿಂತಳು. ಈ ಮನೆಗೆ ಬಂದು ಹದಿನಾರು ವರ್ಷವಾಗಿತ್ತು. ಅಷ್ಟು ವರ್ಷಗಳಲ್ಲಿ ಅವನನ್ನು ಮುಟ್ಟಲು ಲೋಕ ಅವಳಿಗೆ ಕೊಟ್ಟಿದ್ದ ನೆಪ ಇದೊಂದೇ. ಈ ಕತ್ತು, ಕತ್ತಿನ ನಡುವಿನ ತಗ್ಗು, ಗಾಳಿಗೂ ಬಿಸಿಲಿಗೂ ಕೆಂಪಾದ ಚರ್ಮ ಅಂಗಿಯ ಪಟ್ಟಿಯ ಕೆಳಗೆ ಒಮ್ಮೆಗೇ ಬೆಳ್ಳಗಾಗುವ ಆ ಗೆರೆ. ಗೆರೆಯ ಕೆಳಗಿನದು ತನ್ನದಲ್ಲವೆಂದು ಅವಳಿಗೆ ಗೊತ್ತಿತ್ತು. ಯಾರದೆಂದು ಕೇಳಿದರೆ ಇಗರ್ಜಿಯ ಲೆಕ್ಕದಲ್ಲಿ ಅಕ್ಕ ವಿನಿಯದು. ಅಕ್ಕನೋ, ಹಳೆಯ ಕೋಟನ್ನು ಮೊಳೆಗೆ ನೇತುಹಾಕಿದ ಹಾಗೆ ಅದನ್ನು ಇಲ್ಲಿ ಬಿಟ್ಟು ಇಂಗ್ಲೆಂಡಿಗೆ ಹೋಗಿದ್ದಳು.

"ಪೆಟ್ಟಿಗೆ ಬಿಚ್ತಾರಾ?" ಮಲಕಿ ಕೇಳಿದ.

"ಬಿಚ್ಚದೆ ಹೇಗೆ? ಜನ ನೋಡ್ಬೇಕಲ್ಲ."

"ಹೂಂ." ಕತ್ತು ಬಗ್ಗಿಸಿ, "ಅವನೂ ಬರ್ತಾನಂತೆ. ಪೆಟ್ಟಿಗೆ ಜೊತೆ."

ಕತ್ತರಿ ನಿಂತಿತು. "ಯಾರು ಹೇಳಿದ್ದು?"

"ಫಾದರ್ ಹೇಳಿದ್ರು. ಮೊನ್ನೇನೇ."

"ಮತ್ತೆ ನನಗ್ಯಾಕೆ ಹೇಳ್ಲಿಲ್ಲ?"

ಅದು ಉತ್ತರ ಕೊಡಬೇಕಾದ ಪ್ರಶ್ನೆಯೆಂದು ಅವನಿಗೆ ಅನ್ನಿಸಿರಲಿಕ್ಕಿಲ್ಲ. ಮಲಕಿ ಟಾರ್ಪಿ ಕೆಟ್ಟವನಲ್ಲ. ಹಸುವಿಗೆ ಹೊಡೆದವನಲ್ಲ, ಕುಡಿದು ಬಂದವನಲ್ಲ, ಅವಳ ಮೇಲೆ ದನಿ ಎತ್ತಿದವನಲ್ಲ. ಆದರೆ ಮಾತನ್ನು ಅವನು ಮುಂದಿನ ಬೇಸಗೆಗೆ ಬೇಕೆಂದು ಬಣವೆ ಒಟ್ಟಿಡುವ ಹುಲ್ಲಿನಂತೆ ಕಾಪಾಡಿಕೊಂಡಿದ್ದ. ಅವಳು ಸೆರಗಿನಂತಿದ್ದ ಏಪ್ರನ್ನಿನ ತುದಿಯಿಂದ ಅವನ ಕತ್ತಿನ ಮೇಲಿನ ಕೂದಲನ್ನು ಕೊಡವಿದಳು. ಉದುರಬೇಕಾದ್ದೆಲ್ಲ ಉದುರಿದ ಮೇಲೂ ಕೈ ಅಲ್ಲೇ ಒಂದು ಗಳಿಗೆ ಉಳಿಯಿತು. "ಸಾಕು," ಅಂದು ಎದ್ದು ಹೋದ.

ಸುದ್ದಿ ಬಂದ ದಿನವೂ ಹೀಗೇ. ಫಾದರ್ ಹೆವರಿನ್ ಕಾರನ್ನು ದಾರಿಯಲ್ಲೇ ನಿಲ್ಲಿಸಿ, ಆಲೂಗಡ್ಡೆ ಹೊಲದೊಳಕ್ಕೆ ಬೂಟು ಕೆಸರು ಮಾಡಿಕೊಂಡು ನಡೆದುಹೋಗಿ, ಅಲ್ಲಿ ಮಲಕಿಯ ಜೊತೆ ನಿಂತು ಬಹಳ ಹೊತ್ತು ಮಾತಾಡಿದ್ದರು. ಇವಳು ಕಿಟಕಿಯಿಂದ ನೋಡುತ್ತಿದ್ದಳು. ಸತ್ತದ್ದು ತನ್ನ ಒಡಹುಟ್ಟಿದವಳು. ಸುದ್ದಿ ಮಾತ್ರ ಮೊದಲು ಹೊಲಕ್ಕೆ ಹೋಗಿ, ಅಲ್ಲಿಂದ ಬಾಗಿಲಲ್ಲಿ ಬೂಟು ಕಳಚಿ, ಕೈ ತೊಳೆದು, ತಟ್ಟೆಯ ಮುಂದೆ ಕೂತ ಮೇಲೆ ಅವಳನ್ನು ತಲುಪಿತು. "ವಿನಿ ಹೋದ್ಲಂತೆ." ಅವಳು ಮೊಟ್ಟೆ ತರುತ್ತೇನೆಂದು ಕೋಳಿಗೂಡಿಗೆ ಹೋದಳು. ಅಲ್ಲಿ, ಬಾಗಿ ನಿಂತಾಗ, ದೂರದಿಂದ ಹೊತ್ತು ತಂದ ನೀರಿನ ಬಕೆಟ್ಟನ್ನು ಕೆಳಗಿಟ್ಟಾಗ ತೋಳು ತಾನಾಗಿ ಮೇಲೇಳುತ್ತದಲ್ಲ, ಹಾಗೆ ಎದೆಯೊಳಗೆ ಏನೋ ಹಗುರಾಗಿ ಮೇಲೆದ್ದಿತು. ಅದೇನೆಂದು ಗುರುತಾದ ಕೂಡಲೇ ಅವಳು ಸರಸರನೆ ಮೊಟ್ಟೆ ಆಯತೊಡಗಿದಳು. ಮೊಟ್ಟೆಗಳನ್ನೆಲ್ಲ ಬುಟ್ಟಿಗೆ ಹಾಕಿ ಮುಗಿದ ಮೇಲೆ, ತಾನು ಅಳಬೇಕೆಂದು ನೆನಪಾಗಿ ಅತ್ತಳು. ಅತ್ತದ್ದು ನಿಜವಾದ ಅಳುವೇ. ಆದರೆ ಹಗುರಾದದ್ದು ಮೊದಲು, ಅಳು ಆಮೇಲೆ; ಈ ಹಿಂದುಮುಂದನ್ನು ಯಾವ ಪಾಪನಿವೇದನೆಯಲ್ಲಿ ಹೇಗೆ ಹೇಳುವುದೋ ಅವಳಿಗೆ ತಿಳಿಯಲಿಲ್ಲ.

ವಿನಿ ಸೋದರತ್ತೆಯ ಮಗಳ ಮದುವೆಗೆಂದು ಇಂಗ್ಲೆಂಡಿನ ಕಾವೆಂಟ್ರಿಗೆ ಹೋಗಿದ್ದಳು, ಮಲಕಿಯನ್ನು ಮದುವೆಯಾಗಿ ಎರಡು ವರ್ಷವೂ ತುಂಬುವ ಮುಂಚೆ. ಬರಲಿಲ್ಲ. ಅಲ್ಲಿ ಯಾರೋ ಒಬ್ಬ ಇಂಗ್ಲಿಷಿನವನು, ಬೇಕರಿಯಲ್ಲಿ ಕೆಲಸ, ಎಂಬಷ್ಟು ಮಾತ್ರ ಊರಿಗೆ ಗೊತ್ತಾಯಿತು, ಉಳಿದದ್ದನ್ನು ಊರು ತಾನೇ ತುಂಬಿಕೊಂಡಿತು. ಮಲಕಿಯ ತಾಯಿ ಸೊಂಟ ಮುರಿದುಕೊಂಡು ಹಾಸಿಗೆ ಹಿಡಿದಿದ್ದ ಕಾಲ. "ಅಕ್ಕ ಬರೋವರೆಗೂ ಹೋಗಿ ಆ ಮುದುಕೀನ ನೋಡ್ಕೋ, ನಮ್ಮ ಮನೆಯಿಂದ ಆದ ಅವಮಾನಕ್ಕೆ ನಾವೇ ತೇಪೆ ಹಾಕ್ಬೇಕು," ಅಂತ ಅವ್ವ ಡೀಲಿಯಾಳನ್ನು ಕಳಿಸಿದಳು. ಆಗ ಅವಳಿಗೆ ಇಪ್ಪತ್ತೆರಡು. ಅಕ್ಕ ಬರೋವರೆಗೂ ಎಂಬ ಮಾತನ್ನು ಆಮೇಲೆ ಯಾರೂ ಹಿಂದಕ್ಕೆ ತೆಗೆದುಕೊಳ್ಳಲಿಲ್ಲ. ಮುದುಕಿಯನ್ನು ಎತ್ತಿ, ಮಗ್ಗುಲು ಬದಲಿಸಿ, ತೊಳೆದು, ಬೈಸಿಕೊಂಡು ವರ್ಷಗಳು ಕಳೆದವು. ಮುದುಕಿ ಸತ್ತ ಮೇಲೆ ಅವಳಿಗೆ ಅಲ್ಲಿ ಕೆಲಸವಿರಲಿಲ್ಲ. ಇರು ಎಂದು ಯಾರೂ ಅನ್ನಲಿಲ್ಲ. ಹೋಗು ಎಂದೂ ಅನ್ನಲಿಲ್ಲ. ಫಾದರ್ ಹೆವರಿನ್ ಮಾತ್ರ ಒಂದು ಭಾನುವಾರ ಬಾಗಿಲಲ್ಲಿ ತಡೆದು, "ಊರ ಬಾಯಿಗೆ ಮುಚ್ಚಳ ಇಲ್ಲಮ್ಮ ಡೀಲಿಯಾ," ಎಂದು ಕೊಡೆಯ ಹಿಡಿಯನ್ನು ನೋಡಿಕೊಂಡರು. ಮುಂದಿನ ವಾರ ಮಲಕಿ ತನ್ನ ಸೋದರತ್ತೆ ಸಬೀನಾಳನ್ನು ಗಾಡಿಯಲ್ಲಿ ಕೂರಿಸಿಕೊಂಡು ಬಂದ. ಕಿವಿ ಕೇಳದ, ಮದುವೆಯೇ ಆಗದ ಸಬೀನತ್ತೆ ಅಂದಿನಿಂದ ಡೀಲಿಯಾಳ ಹಾಸಿಗೆಯಲ್ಲೇ ಗೋಡೆ ಕಡೆಗೆ ಮಲಗಿ, ಜಪಸರವನ್ನು ಮಣಿಕಟ್ಟಿಗೆ ಸುತ್ತಿಕೊಂಡು ಗೊರಕೆ ಹೊಡೆಯುತ್ತ ಆ ಮನೆಯ ಮಾನ ಕಾಯುತ್ತಿದ್ದಳು. ಕಾಯುವಂಥದ್ದು ಏನೂ ನಡೆಯಲಿಲ್ಲ ಎಂಬುದೇ ಡೀಲಿಯಾಳ ಗುಟ್ಟು. ಏನಾದರೂ ನಡೆದಿದ್ದರೆ ಊರಿನ ಮಾತಿಗೆ ಒಂದು ಬೆಲೆಯಾದರೂ ಇರುತ್ತಿತ್ತು ಎಂದು ಕೆಲವು ಸಲ, ಜೌಗುನೆಲದಿಂದ ಕಡಿದು ಉರುವಲಿಗೆ ಒಣಗಿಸಿದ ಟರ್ಫ್ ಹೆಂಟೆಗಳನ್ನು ಒಲೆಯಲ್ಲಿ ಬೂದಿಯಡಿ ಮುಚ್ಚುವಾಗ, ಅವಳಿಗೆ ಅನ್ನಿಸುತ್ತಿತ್ತು.

ಹತ್ತು ಗಂಟೆಯ ಹೊತ್ತಿಗೆ ಅಡಿಗೆಮನೆಯಲ್ಲಿ ಹೆಂಗಸರು ತುಂಬಿದರು. ಪಕ್ಕದ ಹೊಲದ ಕೇಟ್ ರುವೇನ್ ತನ್ನ ಮನೆಯ ಒಳ್ಳೆಯ ಕಪ್ಪುಗಳನ್ನು ಪತ್ರಿಕೆಯಲ್ಲಿ ಸುತ್ತಿ ತಂದಿದ್ದಳು, ಜೊತೆಗೆ ತನ್ನ ನಾಲಿಗೆಯನ್ನೂ. ಸಾವಿನ ಮನೆಯ ಪದ್ಧತಿಯಂತೆ ನಡುಮನೆಯ ಗಡಿಯಾರ ನಿಲ್ಲಿಸಿ, ಕನ್ನಡಿಗೆ ಬಟ್ಟೆ ಹೊದಿಸಿ, ಎಲ್ಲ ಅವಳದೇ ಯಜಮಾನಿಕೆ.

"ಹೋದೋಳು ಮರದ ಪೆಟ್ಟಿಗೇಲಾದ್ರೂ ವಾಪಸ್ ಬಂದ್ಲಲ್ಲ, ಅದೇ ದೊಡ್ಡದು," ಬ್ರೆಡ್ಡಿಗೆ ಬೆಣ್ಣೆ ಸವರುತ್ತ ಕೇಟ್ ಅಂದಳು. "ನಿಮ್ಮಣ್ಣ ತನ್ನ ಮನೆಗೆ ತಗೊಳ್ಳಲ್ಲ ಅಂದನಂತೆ, ಹೌದಾ?"

"ಗಂಡನ ಮನೆಯಿಂದ ಹೋದೋಳು, ಗಂಡನ ಮನೆಗೇ ಬರ್ಲಿ ಅಂದ."

"ಅದೂ ನ್ಯಾಯವೇ. ಮಲಕಿ ದೊಡ್ಡ ಮನಸ್ಸಿನೋನು, ಬಿಡು. ಪಾಪ, ಈಗ್ಲಾದ್ರೂ ಅವನ ಕಟ್ಟು ಬಿಚ್ಚಿತು. ಇನ್ನೂ ವಯಸ್ಸಿದೆ. ಹೊಲ ಇದೆ. ಯಾರಾದ್ರೂ ಒಂದು ಗಟ್ಟಿಮುಟ್ಟಾದ ಹುಡುಗಿ ಸಿಕ್ತಾಳೆ." ಚಾಕುವಿನ ತುದಿಯಲ್ಲಿ ಬೆಣ್ಣೆ ಹಿಡಿದು ಡೀಲಿಯಾಳ ಮುಖ ನೋಡಿದಳು. "ನೀನು ಇನ್ನೆಲ್ಲಿಗೆ ಹೋಗ್ತೀಯೇ?"

"ಮೊದ್ಲು ನಮ್ಮಕ್ಕ ಮಣ್ಣಿಗೆ ಹೋಗ್ಲಿ, ಮಿಸೆಸ್ ರುವೇನ್."

"ಅಯ್ಯೋ, ಕೇಳಿದ್ದಕ್ಕೆ ಕೇಳ್ದೆ ಅಷ್ಟೇ," ಎಂದು ಕೇಟ್ ನಕ್ಕಳು. ಉಳಿದ ಹೆಂಗಸರು ಬ್ರೆಡ್ಡನ್ನು ಬಹಳ ಜಾಗರೂಕತೆಯಿಂದ ಕತ್ತರಿಸತೊಡಗಿದರು. ಮೂವತ್ತೆಂಟು ವರ್ಷದವಳಾದ ತನಗೆ ಹುಡುಗಿಯಂತೆ ಕಿವಿ ಬಿಸಿಯಾದದ್ದು ಡೀಲಿಯಾಗೆ ಹೆಚ್ಚು ಅವಮಾನವೆನಿಸಿತು. ಗಟ್ಟಿಮುಟ್ಟಾದ ಹುಡುಗಿ. ಅಂದರೆ ಇಷ್ಟು ವರ್ಷ ಊರು ತನ್ನ ಬಗ್ಗೆ ಆಡಿಕೊಂಡದ್ದನ್ನು ಊರೇ ನಂಬಿರಲಿಲ್ಲ.

ಹೆಣದ ಗಾಡಿ ಬಂದಾಗ ಮೋಡ ತೆರೆದು ಸಣ್ಣ ಬಿಸಿಲಿತ್ತು. ಗಂಡಸರು ಟೋಪಿ ತೆಗೆದರು. ಚಾಲಕನ ಪಕ್ಕದಿಂದ ಗಿಡ್ಡನೆಯ ಒಬ್ಬ ಇಳಿದ. ಬೂದು ಬಣ್ಣದ ಕೋಟು ಪ್ರಯಾಣದಲ್ಲಿ ಮುದುಡಿತ್ತು, ಕೋಟಿನ ಮೇಲಿನ ಗುಂಡಿ ಕೆಳಗಿನ ಕಾಜಕ್ಕೆ ಸೇರಿತ್ತು. ಅವನು ಪೆಟ್ಟಿಗೆಯ ಹಿಂದೆ ಎರಡು ಹೆಜ್ಜೆ ಇಟ್ಟ. ಬಾಗಿಲಲ್ಲಿ ಮಲಕಿ ನಿಂತಿದ್ದನ್ನು ಕಂಡ. ಆಮೇಲೆ, ದಾರಿ ತಪ್ಪಿದವನು ದಾರಿ ಗೊತ್ತಿರುವವನಂತೆ ನಡೆಯುವ ಹಾಗೆ, ತಿರುಗಿ ಟರ್ಫ್ ಕೊಟ್ಟಿಗೆಯ ಕಡೆಗೆ ಹೋದ. ಯಾರೂ ಅವನು ಯಾರೆಂದು ಕೇಳಲಿಲ್ಲ. ಎಲ್ಲರಿಗೂ ಗೊತ್ತಿತ್ತು.

ಮುಚ್ಚಳ ತೆಗೆದಾಗ ಡೀಲಿಯಾ ತಾನು ನೆನಪಿಟ್ಟುಕೊಂಡಿದ್ದ ಮುಖವನ್ನು ಹುಡುಕಿದಳು. ಅದಿರಲಿಲ್ಲ. ಮೈ ತುಂಬಿಕೊಂಡ, ಕೂದಲು ಗುಂಗುರು ಮಾಡಿಸಿಕೊಂಡ, ನಡುವಯಸ್ಸಿನ ಯಾರೋ ಹೆಂಗಸು ಅಲ್ಲಿ ಮಲಗಿದ್ದಳು. ಮೂಗು ಮಾತ್ರ ಅವ್ವನದು. ಬಾಯಿಯ ಎರಡೂ ಕಡೆ ಗೆರೆಗಳಿದ್ದವು, ಕೆಳಗೆ ಜಗ್ಗಿದವಲ್ಲ, ಮೇಲಕ್ಕೆ ಬಾಗಿದವು. ತುಂಬಾ ನಕ್ಕು ನಕ್ಕು ಬಿದ್ದ ಗೆರೆಗಳು. ಅಕ್ಕ ಅಲ್ಲಿ ಪಶ್ಚಾತ್ತಾಪದಲ್ಲಿ ಬೇಯುತ್ತಿದ್ದಾಳೆಂದು ಊರು ನಂಬಿತ್ತು. ಡೀಲಿಯಾ ಕೂಡ ನಂಬಿದ್ದಳು, ನಂಬುವುದು ಅವಳಿಗೆ ಬೇಕಾಗಿತ್ತು, ಮುದುಕಿಯ ಹಾಸಿಗೆ ಬಟ್ಟೆ ಒಗೆಯುವಾಗಲೆಲ್ಲ ಬೇಕಾಗಿತ್ತು. ಅಕ್ಕನ ಎಡಗೈಯಲ್ಲಿ ತೆಳ್ಳನೆಯ ಉಂಗುರ, ಮಲಕಿ ಹಾಕಿದ್ದಲ್ಲ. ಮಲಕಿ ಅದನ್ನು ನೋಡಿದ. ಅವನು ನೋಡಿದ್ದನ್ನು ಡೀಲಿಯಾ ನೋಡಿದಳು. ಕೇಟ್ ರುವೇನ್ ಅಷ್ಟರಲ್ಲಿ ಜಪಸರವನ್ನು ವಿನಿಯ ಬೆರಳುಗಳಿಗೆ ಸುತ್ತಿ, ಮಣಿಗಳು ಸರಿಯಾಗಿ ಉಂಗುರದ ಮೇಲೆ ಕೂರುವಂತೆ ಒತ್ತಿದಳು. ಬೆಣ್ಣೆ ಸವರಿದಷ್ಟೇ ಸಲೀಸು.

ಜನ ಬರತೊಡಗಿದರು. ಬಾಗಿ, ಮೊಣಕಾಲೂರಿ, ಶಿಲುಬೆಯ ಗುರುತು ಹಾಕಿಕೊಂಡು, ಎದ್ದು ಮಲಕಿಯ ಕೈ ಹಿಡಿದು, "ನಿನ್ನ ದುಃಖಕ್ಕೆ ನನಗೂ ದುಃಖ, ಮಲಕಿ." ಒಬ್ಬರಾದ ಮೇಲೆ ಒಬ್ಬರು ಅದೇ ಮಾತು. ಪೆಟ್ಟಿಗೆಯ ತಲೆಯ ಕಡೆ ಕುರ್ಚಿಯಲ್ಲಿ ಹೊಸದಾಗಿ ಕತ್ತರಿಸಿದ ಕೂದಲಿನ ಮಲಕಿ ಕೂತು, ಎದ್ದು, ಕೂತು, ಎದ್ದು, ತನಗೆ ಇಲ್ಲದ ದುಃಖಕ್ಕೆ ಬರುತ್ತಿದ್ದ ಸಂತಾಪವನ್ನೆಲ್ಲ ತೆಗೆದುಕೊಳ್ಳುತ್ತಿದ್ದ. ಅವನ ಕಿವಿಗಳು ಕೆಂಪಾಗಿದ್ದವು. ಡೀಲಿಯಾಳ ಕೈಯನ್ನೂ ಹಿಡಿಯುತ್ತಿದ್ದರು, ಅಡಿಗೆಮನೆಗೆ ಹೋಗುವ ದಾರಿಯಲ್ಲಿ, ಟೀಗೆ ಮುಂಚೆ. ಪ್ರತಿಯೊಬ್ಬರ ಕೈಯೂ ಬಿಸಿಯಾಗಿತ್ತು. ತನ್ನ ಕೈ ತಣ್ಣಗಿರುವುದು ಅವರಿಗೆ ದುಃಖವೆಂದು ತೋರುತ್ತಿರಬೇಕು ಎಂದುಕೊಂಡಳು.

ಕಿಟಕಿಯಿಂದ ಆ ಗಿಡ್ಡನೆಯವನು ಕಾಣುತ್ತಿದ್ದ. ಟರ್ಫ್ ಕೊಟ್ಟಿಗೆಯ ಮುಂದೆ ಬೋರಲು ಹಾಕಿದ ತೊಟ್ಟಿಯ ಮೇಲೆ, ಹ್ಯಾಟನ್ನು ಮೊಣಕಾಲಿನ ಮೇಲಿಟ್ಟು. ಅಂಗಳದಲ್ಲಿ ನಿಂತಿದ್ದ ಗಂಡಸರು ಅವನಿಗೆ ಬೆನ್ನು ಹಾಕಿದ್ದರು, ಒರಟಾಗಿ ಅಲ್ಲ. ಬಟ್ಟೆ ಬದಲಿಸುತ್ತಿರುವವನಿಗೆ ಬೆನ್ನು ಹಾಕುವ ಹಾಗೆ. ಯಾರೋ ಕೊಟ್ಟ ಸಿಗರೇಟು ಅವನ ಬೆರಳಲ್ಲಿ ಸೇದದೆಯೇ ಉರಿದಿತ್ತು. ಡೀಲಿಯಾ ಒಂದು ಕಪ್ಪು ಟೀ, ತಟ್ಟೆಯಲ್ಲಿ ಬ್ರೆಡ್ಡು, ಎರಡು ಚೂರು ಹಂದಿಮಾಂಸ ಇಟ್ಟುಕೊಂಡು ಹೊರಗೆ ಹೋದಳು. ತನ್ನ ಬೆನ್ನ ಹಿಂದೆ ಅಡಿಗೆಮನೆಯ ಮಾತು ನಿಂತದ್ದು ಅವಳಿಗೆ ಕೇಳಿಸಿತು.

"ನೀವು ಡೀಲಿಯಾ," ಅಂದ ಅವನು, ಎದ್ದು ನಿಂತು. ಅದು ಪ್ರಶ್ನೆಯಾಗಿರಲಿಲ್ಲ. "ನಾನು ಲೆನರ್ಡ್. ಲೆನರ್ಡ್ ಪಾಸ್ಕ್."

"ಕೂತ್ಕೊಳ್ಳಿ. ಸಕ್ಕರೆ ಹಾಕಿದ್ದೀನಿ. ಎಷ್ಟು ಅಂತ ಗೊತ್ತಿರ್ಲಿಲ್ಲ."

"ಅವಳೂ ಕೇಳದೇ ಹಾಕೋಳು."

ಅವನು ಟೀ ಕುಡಿಯಲಿಲ್ಲ, ಕಪ್ಪನ್ನು ಎರಡೂ ಕೈಯಲ್ಲಿ ಹಿಡಿದುಕೊಂಡ. ಬೇಕರಿಯ ಕೈ, ಉಗುರಿನ ಸುತ್ತ ಸುಟ್ಟ ಹಳೆಯ ಕಲೆಗಳು. ಡೀಲಿಯಾ ಹೋಗಬೇಕೆಂದುಕೊಂಡವಳು ನಿಂತಳು.

"ನರಳಿದ್ಲಾ?"

"ಇಲ್ಲ. ಪಾತ್ರೆ ತೊಳೀತಾ ಇದ್ಲು. ತಲೆನೋವು ಲೆನ್ ಅಂದ್ಲು. ಕೂತ್ಕೊಂಡ್ಲು. ಅಷ್ಟೇ." ಅವನು ಮನೆಯ ಬಾಗಿಲ ಕಡೆ ನೋಡಿದ. "ಸತ್ರೆ ನಮ್ಮವ್ವನ ಗೋರಿ ಪಕ್ಕ ಮಲಗಿಸಿ ಅಂತ ಯಾವತ್ತೋ ಒಂದ್ಸಲ ಹೇಳಿದ್ಲು. ತಮಾಷೆಗೆ ಹೇಳಿದ್ದೋ ಏನೋ. ಹೇಳಿದ ಮೇಲೆ ತರ್ಲೇಬೇಕಲ್ಲ."

"ಒಳಗೆ ಬರಬಹುದಾಗಿತ್ತು ನೀವು."

"ಛೆ, ಬೇಡ. ಅದು ಅವರ ಮನೆ. ಅವರು ಇಷ್ಟಕ್ಕೆ ಒಪ್ಪಿದ್ದೇ ಹೆಚ್ಚು. ನಾಳೆ ಮಣ್ಣಿಗಿಡೋವಾಗ ದೂರ ನಿಂತಿರ್ತೀನಿ." ಆಮೇಲೆ ಒಳ್ಳೆಯ ಮಾತೊಂದನ್ನು ಕೊಡಬೇಕೆಂಬ ಆಸೆಯಿಂದ ಅಂದ, "ನಿಮ್ಮ ಬಗ್ಗೆ ತುಂಬಾ ಹೇಳೋಳು. ಮೊದಮೊದಲು ಅಳೋಳು, ಹಾಗೆ ಬಿಟ್ಟು ಬಂದೆನಲ್ಲ ಅಂತ. ಆಮೇಲಾಮೇಲೆ ಹೇಳೋಳು, 'ಹೋಗ್ಲಿ ಬಿಡು ಲೆನ್, ಆ ಮನೇಲಿ ಈಗ ಅವನನ್ನ ಬೇಕು ಅನ್ನೋಳು ಇದ್ದಾಳೆ. ಮದುವೆ ದಿನವೇ ನಾನು ಅವಳ ಕಣ್ಣು ನೋಡಿದ್ದೆ. ತಪ್ಪು ಹುಡುಗೀನ ಕೊಟ್ಬಿಟ್ರು' ಅಂತ." ಡೀಲಿಯಾಳ ಮುಖ ನೋಡಿ ಗಾಬರಿಯಾದ. "ನಾನು ಹೇಳಬಾರದಾಗಿತ್ತಾ?"

ಗೊತ್ತಿತ್ತು. ಅಕ್ಕನಿಗೆ ಗೊತ್ತಿತ್ತು. ಪಾದ್ರಿಗೆ ಹೇಳದ್ದು, ದೇವರಿಗೂ ಸುತ್ತಿ ಬಳಸಿ ಹೇಳಿದ್ದು, ತನ್ನೊಳಗೆ ತಾನೇ ಹೆಸರಿಡದೆ ಬಿಟ್ಟದ್ದು, ಕಾವೆಂಟ್ರಿಯ ಯಾವುದೋ ಅಡಿಗೆಮನೆಯಲ್ಲಿ ಟೀ ಕುಡಿಯುತ್ತ ಇಬ್ಬರು ಆಡಿಕೊಂಡ ಮಾತಾಗಿತ್ತು. ಮದುವೆಯ ದಿನ ಅವಳು ಏನು ಮಾಡಿದ್ದಳು? ಬರೀ ಮಲಕಿಯ ಕೋಟಿನ ಮೇಲಿಂದ ಅಕ್ಕಿಕಾಳು ಕೊಡವಿದ್ದಳು. ಮೊದಲು ಬಂದದ್ದು ಸಿಟ್ಟು. ಗೊತ್ತಿದ್ದವಳು ಒಂದು ಮಾತು ಹೇಳಬಾರದಾಗಿತ್ತೇ? ತನಗೊಂದು ಸಮಾಧಾನ ಬೇಕೆಂದು ತಂಗಿಯನ್ನು ಆ ಮನೆಯಲ್ಲಿ ಸುಖವಾಗಿಟ್ಟುಬಿಟ್ಟಳು, ಗೊಂಬೆಯನ್ನು ಗೊಂಬೆಮನೆಯಲ್ಲಿ ಇಟ್ಟ ಹಾಗೆ. ಸುಖವೇ! ಸಬೀನತ್ತೆಯ ಗೊರಕೆಯ ಪಕ್ಕದಲ್ಲಿ! ನಗು ಬಂದುಬಿಡುತ್ತದೇನೋ ಎಂದು ಅವಳು ತುಟಿ ಕಚ್ಚಿಕೊಂಡಳು. ಸಿಟ್ಟು ಹೆಚ್ಚು ಹೊತ್ತು ನಿಲ್ಲಲಿಲ್ಲ, ನಿಲ್ಲಲು ಅದಕ್ಕೆ ಹಿಡಿ ಸಿಗಲಿಲ್ಲ. ಎದುರಿಗೆ ಈ ಗಿಡ್ಡ ಮನುಷ್ಯ ತಪ್ಪು ಕಾಜಕ್ಕೆ ಗುಂಡಿ ಹಾಕಿಕೊಂಡು ಕೂತಿದ್ದ. ಇಷ್ಟು ವರ್ಷ ಆ ಗುಂಡಿಯನ್ನು ಸರಿಮಾಡುತ್ತಿದ್ದವಳು ಒಳಗೆ ಮಲಗಿದ್ದಳು, ಇವನು ಹೊರಗೆ. ಅವಳಿಗೆ ಆಗ ಹೊಳೆಯಿತು: ಒಳಗಿನ ಪೆಟ್ಟಿಗೆಯಲ್ಲಿ ಇವತ್ತು ಮಲಕಿ ಮಲಗಿದ್ದರೆ, ತಲೆಯ ಕಡೆಯ ಕುರ್ಚಿ ಯಾರಿಗೆ? ಕಾವೆಂಟ್ರಿಯಿಂದ ವಿನಿ ಬರುತ್ತಿದ್ದಳು, ಕಪ್ಪು ಬಟ್ಟೆಯುಟ್ಟು. ಊರು ಗೊಣಗುತ್ತಲೇ ಅವಳ ಕೈ ಹಿಡಿಯುತ್ತಿತ್ತು. ತಾನು ಎಲ್ಲಿರುತ್ತಿದ್ದೆ? ಬ್ರೆಡ್ಡಿಗೆ ಬೆಣ್ಣೆ ಸವರುತ್ತಿದ್ದೆ.

"ಕಪ್ಪು ಕೆಳಗಿಡಿ," ಅಂದಳು. "ಬನ್ನಿ."

"ಎಲ್ಲಿಗೆ?"

ಅವಳು ಅವನ ತೋಳು ಹಿಡಿದಳು. ಅಂಗಳದ ಗಂಡಸರು ದಾರಿ ಬಿಟ್ಟರು. ನಡುಮನೆಯಲ್ಲಿ ಕೇಟ್ ಜಪಸರ ಹೇಳಿಸುತ್ತಿದ್ದವಳು ಅರ್ಧ ಪ್ರಾರ್ಥನೆಯಲ್ಲಿ ನಿಂತಳು. ಉಳಿದವರ ದನಿ ಅಭ್ಯಾಸಬಲದಿಂದ ಸ್ವಲ್ಪ ದೂರ ಹೋಗಿ ಒಂದೊಂದಾಗಿ ಬಿದ್ದುಹೋಯಿತು. ಮಲಕಿ ತಲೆಯೆತ್ತಿದ. ಡೀಲಿಯಾ ಏನು ಹೇಳುವುದೆಂದು ಯೋಚಿಸಿಯೇ ಇರಲಿಲ್ಲ. ಗಂಡ ಅನ್ನುವ ಹಾಗಿರಲಿಲ್ಲ, ಗಂಡ ಕುರ್ಚಿಯಲ್ಲಿ ಕೂತಿದ್ದ. ಸ್ನೇಹಿತ ಅಂದರೆ ಮುಂದೆ ಮಲಗಿರುವವಳು ನಗುತ್ತಿದ್ದಳು.

"ಇವರು ಲೆನರ್ಡ್ ಪಾಸ್ಕ್," ಅಂದಳು. "ವಿನಿ ಮನೆಯವರು."

ಒಲೆಯ ಪಕ್ಕದ ಸಬೀನತ್ತೆ ಕಿವಿಗೆ ಕೈ ಹಚ್ಚಿದಳು. "ಯಾರಂತೆ?"

ಕೇಟ್ ಜಪಸರದ ಮಣಿ ಎಣಿಸತೊಡಗಿದಳು.

"ಯಾರಂತೆ ಕೇಟ್? ಜೋರಾಗಿ ಹೇಳೇ, ಗಂಟಲಿಗೇನಾಗಿದೆ ನಿಂಗೆ?"

ಕೇಟ್ ರುವೇನ್ ಜೀವಮಾನದಲ್ಲಿ ಮೊದಲ ಸಲ ಮಾತಿಗೆ ತಡವರಿಸಿದಳು. ಆಮೇಲೆ ವಿಧಿಯಿಲ್ಲದೆ, ಮುದುಕಿಯ ಕಿವಿಗೆ ಬಾಯಿಟ್ಟು, ರಸ್ತೆಗೂ ಕೇಳುವ ಹಾಗೆ ಕೂಗಿದಳು: "ವಿನಿ ಮನೆಯವರಂತೆ!"

"ಹಾಗನ್ನು ಮತ್ತೆ." ಸಬೀನತ್ತೆ ಕೋಲೂರಿ ಎದ್ದು ಬಂದು, ಲೆನರ್ಡನ ಕೈಯನ್ನು ತನ್ನ ಎರಡು ಕೈಗಳಲ್ಲಿ ಹಿಡಿದಳು. "ನಿನ್ನ ದುಃಖಕ್ಕೆ ನನಗೂ ದುಃಖ, ಮಗನೇ. ಟೀ ಕುಡಿದ್ಯಾ?"

ಅವಳಿಗೆ ಅರ್ಥವಾಗಿತ್ತೋ ಇಲ್ಲವೋ ಆಮೇಲೂ ಗೊತ್ತಾಗಲಿಲ್ಲ. ಆದರೆ ಮನೆಯ ಹಿರಿಯಳು ಕೈ ಕೊಟ್ಟ ಮೇಲೆ ಉಳಿದವರು ಕೊಡದಿರುವುದು ಹೇಗೆ? ಒಬ್ಬ ಮುದುಕ ಎದ್ದ. ಅವನ ಹಿಂದೆ ಅವನ ಹೆಂಡತಿ. ಅಷ್ಟರಲ್ಲಿ ಮಲಕಿ ಕುರ್ಚಿಯಿಂದೆದ್ದು, ಯಾರನ್ನೂ ನೋಡದೆ, ಹಿಂಬಾಗಿಲಿನಿಂದ ಕೊಟ್ಟಿಗೆಗೆ ಹೋಗಿದ್ದ. ಹಾಲು ಕರೆಯುವ ಹೊತ್ತಾಗಿರಲಿಲ್ಲ. ಬಾಗಿಲು ಮುಚ್ಚಿಕೊಂಡ ಸದ್ದು ಡೀಲಿಯಾಗೆ ಕೇಳಿಸಿತು; ಅವಳು ಹಿಂದೆ ಹೋಗಲಿಲ್ಲ. ಲೆನರ್ಡ್ ಖಾಲಿಯಾದ ಕುರ್ಚಿಯಲ್ಲಿ ಕೂರಲಿಲ್ಲ. ಪೆಟ್ಟಿಗೆಯ ಪಕ್ಕ ನಿಂತು, ಗುಂಗುರಿನ ಒಂದು ಸುರುಳಿ ವಿನಿಯ ಹಣೆಗೆ ಬಿದ್ದಿದ್ದನ್ನು ಹಿಂದಕ್ಕೆ ಸರಿಸಿದ. "ಈ ಕಡೆಗೆ ಬಾಚ್ತಿದ್ಲು," ಅಂದ ಕ್ಷಮೆ ಕೇಳುವ ದನಿಯಲ್ಲಿ, ಯಾರಿಗೆಂದಿಲ್ಲದೆ.

ಸಂಜೆ ಪೆಟ್ಟಿಗೆಯನ್ನು ಇಗರ್ಜಿಗೆ ಒಯ್ಯಲು ಫಾದರ್ ಹೆವರಿನ್ ಬಂದರು. ಅವರಿಗೆ ಸುದ್ದಿ ದಾರಿಯಲ್ಲೇ ಸಿಕ್ಕಿತ್ತು. "ಇದನ್ನ ಯೋಚನೆ ಮಾಡಿ ಮಾಡಿದೆಯಾ, ಡೀಲಿಯಾ?" ಎಂದು ತಗ್ಗಿದ ದನಿಯಲ್ಲಿ ಕೇಳಿದರು.

"ಇಲ್ಲ ಫಾದರ್."

"ಮಲಕಿಗೆ ಎಷ್ಟು ನೋವಾಗಿರಬೇಕು."

"ಆಗಿದೆ ಫಾದರ್."

ಅವರು ಇನ್ನೇನೋ ಹೇಳಬೇಕೆಂದಿದ್ದರು. ಹೊರುವವರು ಒಳಗೆ ಬಂದರು. ಮಲಕಿಯೂ ಬಂದ, ಕಪ್ಪು ಕೋಟಿನ ತೋಳಿಗೆ ಹುಲ್ಲು ಅಂಟಿಸಿಕೊಂಡು. ಎತ್ತರ ನೋಡಿ ಜೋಡಿ ಮಾಡುವಾಗ ಹಿಂದುಗಡೆ ಒಂದು ಹೆಗಲು ಕಡಿಮೆ ಬಿತ್ತು. ಎಲ್ಲರೂ ನೆಲ ನೋಡಿದರು. ಲೆನರ್ಡ್ ಗೋಡೆಗೆ ಇನ್ನಷ್ಟು ಅಂಟಿಕೊಂಡ. ಮುಂದಿನ ಹಿಡಿಯಲ್ಲಿ ಕೈಯಿಟ್ಟಿದ್ದ ಮಲಕಿ ತಿರುಗದೆಯೇ ಅಂದ, "ಅವನು ಗಿಡ್ಡ. ಮುಂದೆ ಸರಿ ಹೋಗಲ್ಲ. ಹಿಂದೆ ಹಿಡ್ಕೊಳ್ಳಲಿ." ಗಾಡಿಗೆ ಎತ್ತು ಹೂಡುವವನ ದನಿ. ಲೆನರ್ಡ್ ಬಂದು ಹೆಗಲು ಕೊಟ್ಟ. ಡೀಲಿಯಾ ಬಾಗಿಲ ಬಳಿ ನಿಂತು, ಅಂಗಳ ದಾಟುವವರೆಗೆ ಅವರಿಬ್ಬರ ಹೆಗಲನ್ನೂ ನೋಡುತ್ತಿದ್ದಳು. ಆಗ ಅತ್ತಳು. ಈ ಸಲ ಅದರ ಮುಂಚೆ ಬೇರೆ ಏನೂ ಬರಲಿಲ್ಲ.

ಮರುದಿನ ಮಣ್ಣಾಯಿತು. ಲೆನರ್ಡ್ ಬಸ್ಸಿಗೆ ಹೋಗುವಾಗ, ವಿನಿಯ ಮನೆ ನೋಡಬೇಕೆನಿಸಿದರೆ ಬನ್ನಿ, ಕೋಣೆ ಇದೆ, ಅಂದ. ಅವಳು ಅವನ ಕೋಟಿನ ಗುಂಡಿ ಬಿಚ್ಚಿ ಸರಿಯಾದ ಕಾಜಕ್ಕೆ ಹಾಕಿ ಕಳಿಸಿದಳು. ಮನೆಯಲ್ಲಿ ಮಲಕಿ ಹೆಚ್ಚುಕಮ್ಮಿ ಮಾತು ಬಿಟ್ಟ. ಮಾತೇ ಕಡಿಮೆಯಿದ್ದವನು ಬಿಟ್ಟದ್ದು ಸಬೀನತ್ತೆಗೆ ತಿಳಿಯಲೇ ಇಲ್ಲ. ಡೀಲಿಯಾಗೆ ಮಾತ್ರ ಗೊತ್ತಿತ್ತು, ಅವನು ಉಪ್ಪನ್ನು ಕೇಳದೆ ತಾನೇ ಎದ್ದು ತೆಗೆದುಕೊಳ್ಳುತ್ತಿದ್ದ. ಊರಿನಲ್ಲಿ ಕೆಲವರು ಅವಳನ್ನು ಕಂಡರೆ ರಸ್ತೆಯ ಆಚೆಗೆ ಹೋದರು, ಕೆಲವರು ರಸ್ತೆ ದಾಟಿ ಬಂದು ಮಾತಾಡಿಸಿದರು. ಅವಳು ಎಂದಿನಂತೆ ಬೂದಿ ತೆಗೆದಳು, ಹಿಟ್ಟು ನಾದಿದಳು. ಇಲ್ಲಿಂದ ಹೋಗಬಹುದು ಎಂಬ ಯೋಚನೆ ಆ ದಿನಗಳಲ್ಲಿ ಬಂದುಹೋಗುತ್ತಿತ್ತು. ಹೆದರಿಸುತ್ತಿರಲಿಲ್ಲ.

ಇಗರ್ಜಿಯಲ್ಲಿ ವಿನಿಯ ತಿಂಗಳ ಪೂಜೆ ಮುಗಿಸಿ ಬರುವಾಗ ಸಬೀನತ್ತೆಯನ್ನು ಯಾರೋ ಕಾರಿನಲ್ಲಿ ಕೂರಿಸಿಕೊಂಡು ಮುಂದೆ ಹೋದರು. ಇವರಿಬ್ಬರೇ ನಡೆಯುತ್ತಿದ್ದರು, ಬೇಲಿಯ ನಡುವಿನ ದಾರಿಯಲ್ಲಿ, ಮಧ್ಯೆ ಒಂದು ಗಾಡಿ ಹೋಗುವಷ್ಟು ಜಾಗ ಬಿಟ್ಟು.

"ಅವತ್ತು ನನ್ನ ಮರ್ಯಾದೆ ತೆಗೆದೆ ನೀನು," ಮಲಕಿ ಅಂದ.

"ಹೌದು."

ಹೌದೆಂದುಬಿಡುತ್ತಾಳೆಂದು ಅವನು ಎಣಿಸಿರಲಿಲ್ಲ. ಸ್ವಲ್ಪ ದೂರ ನಡೆದ. ಸೇತುವೆಯ ಹತ್ತಿರ ಬಂದಾಗ ಗಂಟಲು ಸರಿಮಾಡಿಕೊಂಡು, "ಫಾದರ್ ಹತ್ರ ಮಾತಾಡ್ದೆ ಇವತ್ತು," ಅಂದ. "ಸತ್ತ ಹೆಂಡ್ತಿ ತಂಗಿ ಅಂದ್ಮೇಲೆ ಬಿಷಪ್ಪರ ಅಪ್ಪಣೆ ಬೇಕಂತೆ. ಸಿಗುತ್ತಂತೆ. ಊರ ಬಾಯಿ ಮುಚ್ಚೋಕೆ ಒಂದು ವರ್ಷ ಕಳೀಲಿ ಅಂದ್ರು. ನಿಮ್ಮಣ್ಣಂಗೂ ಹೇಳಿದ್ದೀನಿ. ಅವನದೇನೂ ಅಡ್ಡಿ ಇಲ್ಲ."

ಡೀಲಿಯಾ ನಿಂತಳು. ಇದನ್ನೇ, ಇದೇ ಮಾತನ್ನೇ, ಎಷ್ಟು ಸಲ ಎಷ್ಟು ಬಗೆಯಲ್ಲಿ ಮನಸ್ಸಿನೊಳಗೆ ಕೇಳಿಸಿಕೊಂಡಿದ್ದಳು! ಕೋಳಿಗೂಡಿನಲ್ಲಿ, ಬಾವಿಯ ಹತ್ತಿರ, ಪೂಜೆಯಲ್ಲಿ ಮೊಣಕಾಲೂರಿದಾಗ. ಈಗ ಬಂದಿತ್ತು, ಪಾದ್ರಿಯನ್ನು ದಾಟಿ, ಬಿಷಪ್ಪರ ಬಾಗಿಲಿಗೆ ಹೋಗಿ, ಅಣ್ಣನ ಹೊಸ್ತಿಲು ತುಳಿದು. ಅವಳ ಎದೆ ಹೊಡೆದುಕೊಳ್ಳುತ್ತಲೇ ಇತ್ತು, ಅದು ಸುಳ್ಳಲ್ಲ. ಅವನ ಕೂದಲು ಕೋಟಿನ ಪಟ್ಟಿ ಮುಟ್ಟುವಷ್ಟು ಮತ್ತೆ ಬೆಳೆದಿತ್ತು.

"ಯಾವುದಕ್ಕೆ ಅಪ್ಪಣೆ?" ಅಂದಳು.

"ಅದೇ. ಗೊತ್ತಲ್ಲ ನಿಂಗೆ."

"ಇಲ್ಲ. ಗೊತ್ತಿಲ್ಲ. ನನ್ನ ಯಾರೂ ಏನೂ ಕೇಳಿಲ್ಲ."

ಮಲಕಿ ಟೋಪಿ ತೆಗೆದ, ಹಾಕಿಕೊಂಡ. "ಡೀಲಿಯಾ," ಅಂದ. ಬಾಯಿ ತೆರೆದೇ ಇತ್ತು, ಮುಂದಿನದು ಬರಲಿಲ್ಲ. ಇಷ್ಟು ವರ್ಷ ಅವನು ಅರ್ಧಕ್ಕೆ ಬಿಟ್ಟ ಮಾತನ್ನೆಲ್ಲ ಅವಳೇ ಪೂರ್ತಿ ಮಾಡಿ, ಉತ್ತರವನ್ನೂ ತಾನೇ ಹೇಳಿಕೊಂಡು, ಅದಕ್ಕೆ ಬೇಕಾದ್ದನ್ನು ಬಡಿಸಿಟ್ಟಿದ್ದಳು. ಈಗಲೂ ಮಾತು ನಾಲಿಗೆಯ ತುದಿಗೆ ಬಂದಿತ್ತು. ಅವಳು ಕೈಗಳನ್ನು ಕೋಟಿನ ಜೇಬಿಗೆ ಹಾಕಿಕೊಂಡು, ಸೇತುವೆಯ ಕಲ್ಲಿಗೆ ಒರಗಿ, ಸುಮ್ಮನೆ ನಿಂತಳು. ರುವೇನರ ಹಸುಗಳು ಬಂದವು. ಇಬ್ಬರೂ ಒಂದೊಂದು ಬದಿಗೆ ಸರಿದು ದಾರಿ ಕೊಟ್ಟರು. ಕೊನೆಯ ಹಸು ಹಾದುಹೋಗುವವರೆಗೂ ಅವನು ಅವಳನ್ನು ನೋಡುತ್ತಿದ್ದ, ಕಿವಿ ಕೆಂಪಗೆ ಮಾಡಿಕೊಂಡು. ಆಮೇಲೆ ದಾರಿ ದಾಟಿ ಈಚೆ ಬಂದು, ಮಾತನ್ನು ಮೊದಲಿನಿಂದ ಶುರುಮಾಡಿದ.